ಈ ವಾರದ ಸಮಸ್ಯೆ: ‘ಕುರಿಯೊಂದುಂ ಕಾಣದಲ್ಲ ಕುರಿಮಂದೆಯೊಳೇ’

ಹಡಪಸರದ ಅಕ್ಕ:
ಕಳೆದ ಭಾನುವಾರ ಜೇಜುರಿಗೆ ಹೊರಟಿದ್ದೆವು. ದಿವೆ ಘಾಟ್ ಅರ್ಧ ಹತ್ತಿದ್ದೆವೋ ಇಲ್ಲವೋ, ಎದುರಿನ ರಸ್ತೆಯೇ ಕರ್ರಗಾಗಿ ನಮ್ಮ ಕಡೆಗೆ ಇಳಿದು ಬರತೊಡಗಿತು. ಡೆಕ್ಕನಿ ಕುರಿಗಳು. ಮುಂದೆ ಕೆಂಪು ಮುಂಡಾಸಿನ ಅಜ್ಜ, ಕೊನೆಯಲ್ಲೊಂದು ತಟ್ಟು. ಅದರ ಬೆನ್ನ ಮೇಲೆ ಪಾತ್ರೆ, ಹಾಸಿಗೆ, ಕಾಲು ಕಟ್ಟಿದ ಎರಡು ಕೋಳಿ, ಹಾಸಿಗೆಯ ಸಂದಿನಿಂದ ಇಣುಕುವ ಒಂದು ಮರಿ. ಮಳೆ ಮುಗಿಯಿತಲ್ಲ, ಧನಗರರು, ಅಂದರೆ ಈ ಕಡೆಯ ಕುರುಬರು, ಕೊಂಕಣದ ದಾರಿ ಹಿಡಿಯುವ ಕಾಲ. ಮಳೆಗಾಲದಲ್ಲಿ ಕೊಂಕಣದ ಕೆಸರು ಈ ಕುರಿಗಳ ಗೊರಸಿಗೆ ಆಗಿಬರುವುದಿಲ್ಲ, ಅದಕ್ಕೇ ಆಗೆಲ್ಲ ಅವು ಮೂಡಣದ ಒಣನಾಡಿನಲ್ಲೇ ಇರುತ್ತವೆ. ನಮ್ಮ ಯಜಮಾನರು ಹಾರ್ನ್ ಒತ್ತಿದರು, ಮತ್ತೆ ಒತ್ತಿದರು. ಒಂದು ಕುರಿಯಾದರೂ ತಲೆ ಎತ್ತಲಿಲ್ಲ. ಹತ್ತು ನಿಮಿಷ ಗಾಜಿಗೆ ಉಣ್ಣೆ ಉಜ್ಜಿಕೊಂಡು ಹೋಗುತ್ತಲೇ ಇದ್ದವು. ಅಷ್ಟರಲ್ಲಿ ಸಾಲು ಸಿದ್ಧವಾಗಿತ್ತು:

ಕುರಿಯೊಂದುಂ ಕಾಣದಲ್ಲ ಕುರಿಮಂದೆಯೊಳೇ

ಕಂದಪದ್ಯದ ಕೊನೆಯ ಸಾಲು ಇದು. ಮೊದಲ ಮೂರು ಬರೆದು ಪೂರಣ ಮಾಡುವುದು ನೀವು. ಹೊಸಬರಿಗೆ: ನಾಲ್ಕು ಮಾತ್ರೆಯ ಗಣ, ಸಾಲಿಗೆ 3, 5, 3, 5. ಎರಡೆರಡು ಸಾಲಿನ ಪ್ರತಿ ಅರ್ಧದಲ್ಲೂ ಆರನೆಯ ಗಣ ಜಗಣ (ಲಘು-ಗುರು-ಲಘು) ಇಲ್ಲವೇ ಸರ್ವಲಘು (ನಾಲ್ಕೂ ಲಘು). ಬೆಸಸ್ಥಾನಗಳಲ್ಲಿ (1, 3, 5, 7) ಜಗಣ ಕೂಡದು. ಪ್ರಾಸಕ್ಕೆ ಪ್ರತಿ ಸಾಲಿನ ಎರಡನೆಯ ಅಕ್ಷರ ‘ರ’ಕಾರ, ಅದರ ಹಿಂದೆ ಲಘು. ಹಳಗನ್ನಡದಲ್ಲಿ ಕುರಿಗೆ ಶಕಟರೇಫ, ‘ಕುಱಿ’, ಅಂತ ನನಗೂ ಗೊತ್ತು. ಆ ತಕರಾರು ಯಾರೂ ತೆಗೆಯಬಾರದು, ಮುಖ್ಯವಾಗಿ ಮಾಟುಂಗಾದವರು.

ಡೊಂಬಿವಲಿ ಫಾಸ್ಟ್:
ಅಕ್ಕಾ, ಮೊದಲ ಬೋಣಿ ನನ್ನದು. ನಿಂತುಕೊಂಡೇ ಬರೆದದ್ದು.

ನರರೇ ನುಗ್ಗಿದರೆಲ್ಲರ್
ಬಿರುಸಿಂ ದಾದರಿನ ರೈಲ ಬಾಗಿಲ ಸಂದೊಳ್
ಕರೆದೊಡೆ ಮಂದೆಯಿದೆಂದೇಂ
ಕುರಿಯೊಂದುಂ ಕಾಣದಲ್ಲ ಕುರಿಮಂದೆಯೊಳೇ

ಹಡಪಸರದ ಅಕ್ಕ:
ಗಣ ತಪ್ಪಿಲ್ಲ, ‘ನ ರೈಲ’ ಜಗಣವಾಗಿ ಕೂತಿದ್ದು ಚಂದ. ಆದರೆ ತಮ್ಮಾ, ಲೋಕಲ್ ಗಾಡಿಯ ಜನರನ್ನು ಕುರಿ ಅನ್ನದೆ ಬಿಟ್ಟ ಮುಂಬಯಿ ಕವಿ ಒಬ್ಬನನ್ನು ತೋರಿಸು, ಅವನಿಗೆ ಶಾಲು ಹೊದಿಸೋಣ.

ಡೊಂಬಿವಲಿ ಫಾಸ್ಟ್:
ಅಯ್ಯೋ, ನಾನು ಕುರಿ ಅಂದೇ ಇಲ್ಲ, ಕುರಿ ಅಲ್ಲ ಅಂದದ್ದು! ಇನ್ನು ‘ಹಿಂಡು’ ಅಂತ ಯಾಕೆ ಬರೆಯಲಿಲ್ಲ ಅಂತ ಕೇಳುತ್ತೀರಿ. ಬೆಳಿಗ್ಗೆ ಎಂಟು ಗಂಟೆಗೆ ದಾದರಿನಲ್ಲಿ ‘ಹಿಂಡು’ ನಾಮಪದವಲ್ಲ, ಕ್ರಿಯಾಪದ.

ಚಿಂಚವಡದ ಹೊಸಬ:
ನನ್ನ ಮೊದಲ ಕಂದ. ಬೈಯಬಹುದು.

ಬರಿದಿದು ದೊಡ್ಡಿಯು ನೋಡೈ
ತೆರಳಿದುವೆಲ್ಲಂ ಬೆಳಗ್ಗೆ ಬಯಲಿಗೆ ಮೇಯಲ್
ಇರುಳಾದೊಡೆ ತುಂಬುವುದೈ
ಕುರಿಯೊಂದುಂ ಕಾಣದಲ್ಲ ಕುರಿಮಂದೆಯೊಳೇ

ಮಾಟುಂಗಾ ಮೇಷ್ಟ್ರು:
ಬೈಯುವುದಿಲ್ಲ. ಆದರೆ ‘ನೋಡೈ’, ‘ತುಂಬುವುದೈ’, ಮೂರು ಸಾಲಿನಲ್ಲಿ ಎರಡು ‘ಐ’. ಮಾತ್ರೆ ಕಡಿಮೆ ಬಿದ್ದಾಗ ತುರುಕುವ ಹೊಟ್ಟು ಇದು, ಎಲ್ಲರೂ ತುರುಕಿದ್ದೇವೆ. ಅರ್ಥವೂ ತೀರಾ ಸಪಾಟಾಯಿತು: ಕುರಿ ಮೇಯಲು ಹೋಗಿದೆ, ಆದ್ದರಿಂದ ಇಲ್ಲ. ಸಮಸ್ಯೆಯ ಗಂಟು ಬಿಚ್ಚಬೇಕು, ಕತ್ತರಿಸಬಾರದು.

ವಾಸ್ಕೋದ ಕಾಕಾ:
ಮೇಷ್ಟ್ರ, ಹುಡುಗನ್ನ ಹಂಗ ತಳ್ಳಿಹಾಕಬ್ಯಾಡ್ರಿ. ನನಗ ಛಂದಸ್ಸು ಬರೂದಿಲ್ಲ, ಕುರಿ ಬರ್ತಾವು. ಅಂವ ಮಂದೆ ಅನ್ನೂ ಶಬ್ದಾನ ಜಾಗಾ ಅಂತ ಹಿಡದಾನ, ಅದು ಬರೋಬರಿ ಐತಿ. ಇಲ್ಲಿ ಎಲ್ಲಾರೂ ಹಿಂಡು, ಮಂದೆ ಎರಡೂ ಒಂದ ಅಂತ ಬರ್ಯಾಕತ್ತೀರಿ. ನಮ್ಮ ಸೋದರಮಾವನ ಹತ್ರ ಹುನಗುಂದ ಕಡೆ ಕುರಿ ಇದ್ದುವು, ಸೂಟ್ಯಾಗ ನಾನೂ ಹಿಂದಿಂದ ಹೋಗ್ತಿದ್ದೆ. ಹಾದ್ಯಾಗ ನಡದ್ರ ಹಿಂಡು. ಅದ ಕುರಿ ರಾತ್ರಿ ಒಬ್ಬರ ಹೊಲದಾಗ ತರುಬಿದ್ರ ಮಂದೆ. ಮುಳ್ಳಬೇಲಿ ಬಡದು ಒಳಗ ಕೂಡಿದ್ರ ದಡ್ಡಿ. ಚಿತ್ರದುರ್ಗದ ಕಡೆಯವ್ರು ಅದಕ್ಕ ರೊಪ್ಪ ಅಂತಾರ. ಕುರಿ ಅವ, ಹೆಸರು ಹೊತ್ತಿನ ಮ್ಯಾಲೆ.

ತರುಬೂದು ಅಂದ್ರ ಸುಮ್ನ ನಿಲ್ಸೂದಲ್ಲ. ಇವತ್ತ ಈ ತುಂಡಿನ್ಯಾಗ, ನಾಳೆ ಬಾಜೂದ್ರಾಗ, ಹಂಗ ಸರಸ್ಕೋತ ಹೊಲಾ ಪೂರಾ ಆಗಬೇಕು. ಹಿಕ್ಕಿ, ಉಚ್ಚಿ ಎರಡೂ ಬಿದ್ದ ನೆಲದಾಗ ಮುಂದಿನ ಬೆಳಿ ಕಪ್ಪಗ ಏಳ್ತೈತಿ. ಅದಕ್ಕ ಹೊಲದವ್ರು ಮಾವಗ ಜೋಳಾ ಅಳದು ಕೊಡ್ತಿದ್ರು. ಮಾವ ಕುರಿ ಎಣಸಿದ್ದು ನಾ ನೋಡಿಲ್ಲ. ಸಂಜಿಮುಂದ ಕೋಲಿನ ಮ್ಯಾಲೆ ಗದ್ದ ಇಟ್ಟು ನಿಲ್ತಿದ್ದ, ಎಲ್ಲಾ ಮುಂದ ಹಾಯ್ದು ಹೋದಮ್ಯಾಲೆ, “ಕಿವಿ ಹರದದ್ದು ಬಂದಿಲ್ಲ, ಹೋಗು ನೋಡು” ಅಂತಿದ್ದ. ಹಳ್ಳದ ದಂಡ್ಯಾಗ ಅದು ನಿಂತಿರ್ತಿತ್ತು.

ಮಾಟುಂಗಾ ಮೇಷ್ಟ್ರು:
ಕಾಕಾ, ನಿಮ್ಮ ಮಾವನವರಿಗೆ ಒಂದು ನಮಸ್ಕಾರ. ನೀವು ಹೇಳಿದ ಭೇದ ಸಂಸ್ಕೃತದಲ್ಲೂ ಇದೆ, ಬೇರೆ ಬಗೆಯಲ್ಲಿ. ‘ಅವಿ’ ಎಂದರೆ ಕುರಿ. ಅದು ಒತ್ತಾಗಿ ಗುಂಪುಗೂಡಿದರೆ ‘ಅವಿಕಟ’, ಹರಡಿಕೊಂಡರೆ ‘ಅವಿಪಟ’. ಸಂಘಾತಕ್ಕೆ ಕಟ, ವಿಸ್ತಾರಕ್ಕೆ ಪಟ ಎಂದು ವಾರ್ತಿಕವೇ (ಪಾಣಿನಿಯ ಸೂತ್ರಕ್ಕೆ ಸೇರಿಸಿದ ನಿಯಮ) ಇದೆ. ಮೇಯುವಾಗ ಬಯಲಿಗೆ ಬಟ್ಟೆ ಹಾಸಿದ ಹಾಗೆ ಕಾಣುವುದನ್ನು ಯಾರೋ ಕಣ್ಣಾರೆ ನೋಡಿಯೇ ಹೇಳಿರಬೇಕು. ವೈಯಾಕರಣರಲ್ಲೂ ಕುರಿ ಕಾಯ್ದವರಿದ್ದರೇನೋ.

ಇನ್ನೂ ಸ್ವಾರಸ್ಯದ್ದು ಪಾಣಿನಿಯ ವ್ಯಾಕರಣಸೂತ್ರ 4.2.39. ಸಮೂಹ ಎಂಬ ಅರ್ಥದಲ್ಲಿ ಒಂದೇ ಪ್ರತ್ಯಯವನ್ನು ಯಾರಾರಿಗೆ ಹಚ್ಚಬೇಕು ಅಂತ ಅಲ್ಲೊಂದು ಪಟ್ಟಿ. ಎತ್ತುಗಳದ್ದು ಔಕ್ಷಕ, ಒಂಟೆಗಳದ್ದು ಔಷ್ಟ್ರಕ, ಕುರಿಗಳದ್ದು ಔರಭ್ರಕ, ಅದರ ಬೆನ್ನಿಗೇ ರಾಜರದ್ದು ರಾಜಕ! ಆಮೇಲೆ ರಾಜಪುತ್ರರು, ಕರುಗಳು, ಮನುಷ್ಯರು, ಕಡೆಗೆ ಆಡುಗಳು. ಕುರಿಯ ಪಕ್ಕದಲ್ಲಿ ಅರಸನನ್ನು ನಿಲ್ಲಿಸುವಾಗ ಆತನ ಮುಖದಲ್ಲಿ ನಗುವಿತ್ತೋ ಇಲ್ಲವೋ, ನನಗಂತೂ ತಡೆಯಲಾಗಲಿಲ್ಲ:

ಅರಸರ್ ಕುರಿಗಳ್ ಮನುಜರ್
ಇರಲೊಂದೇ ಸೂತ್ರದಲ್ಲಿ ಪಾಣಿನಿಯಿಟ್ಟಂ
ಅರಸರ ಸಭೆಯಂ ಪೊಕ್ಕೆಂ
ಕುರಿಯೊಂದುಂ ಕಾಣದಲ್ಲ ಕುರಿಮಂದೆಯೊಳೇ

ಹಡಪಸರದ ಅಕ್ಕ:
ಮೇಷ್ಟ್ರೇ, ಎರಡನೇ ಸಾಲಿಗೆ ಚಪ್ಪಾಳೆ. ಆದರೆ ‘ಅರಸರ’ ಎರಡು ಸಲ ಬಂತು. ಹೊಸಬನ ‘ಐ’ ಹಿಡಿದ ಕೈ ಇಲ್ಲೆಲ್ಲಿ ಹೋಯಿತು?

ಮಾಟುಂಗಾ ಮೇಷ್ಟ್ರು:
ಅದು ಆವೃತ್ತಿ. ಅಲಂಕಾರ.

ಡೊಂಬಿವಲಿ ಫಾಸ್ಟ್:
ನಾವು ಮಾಡಿದರೆ ಹೊಟ್ಟು, ಮೇಷ್ಟ್ರು ಮಾಡಿದರೆ ಅಲಂಕಾರ.

ಕೊಥ್ರೂಡಿನ ಸೊಸೆ:
ನಡುವೆ ಬಾಯಿ ಹಾಕುತ್ತಿದ್ದೇನೆ, ಕ್ಷಮಿಸಿ. ನಮ್ಮದು ಮರಾಠಿ ಮನೆ, ಅತ್ತೆಯ ತವರು ಜೇಜುರಿಯ ಹತ್ತಿರ. ಅವರ ಬಾಯಲ್ಲಿ ಕುರಿಗಳ ಹಿಂಡಿಗೆ ‘ಕಳಪ’. ಆದರೆ ಧನಗರರು ಸಂಸಾರ ಸಮೇತ ಬಂದು ಹೊಲದಲ್ಲಿ ತಂಗಿದರೆ ‘ವಾಡಾ ಬಂತು’ ಅನ್ನುತ್ತಾರೆ. ಕುರಿ, ಕುದುರೆ, ನಾಯಿ, ತೊಟ್ಟಿಲ ಕೂಸು ಎಲ್ಲ ಸೇರಿ ಒಂದು ವಾಡಾ. ಕನ್ನಡದಲ್ಲಿ ಇಷ್ಟನ್ನೂ ಒಟ್ಟಿಗೆ ಹಿಡಿಯುವ ಮಾತಿದ್ದರೆ ಕಾಕಾ ಹೇಳಲಿ.

ವಾಸ್ಕೋದ ಕಾಕಾ:
ಹಟ್ಟಿ ಅನಬೌದವಾ. ಆದ್ರ ಹಟ್ಟಿ ಅಂದ್ರ ನಿಂತ ಜಾಗಾ. ನಿಮ್ಮತ್ತಿ ಹೇಳೂ ವಾಡಾ ನಡೀತೈತಿ.

ಕೊಥ್ರೂಡಿನ ಸೊಸೆ:
ಅಕ್ಕ ಜೇಜುರಿ ಅಂದಕೂಡಲೇ ನನಗೆ ನೆನಪಾದದ್ದು ಬಾಣಾಯಿ. ಜೇಜುರಿಯ ದೇವರು ಖಂಡೋಬಾ, ಅಂದರೆ ನಮ್ಮ ಮೈಲಾರಲಿಂಗ, ಆ ಧನಗರರ ಹುಡುಗಿಯ ಮೇಲೆ ಮನಸ್ಸಾಗಿ ವೇಷ ಮರೆಸಿಕೊಂಡು ಅವಳ ಅಪ್ಪನ ಕುರಿ ಕಾಯಲು ನಿಲ್ಲುತ್ತಾನೆ. ಒಂದು ದಿನ ಎಲ್ಲ ಕುರಿಗಳನ್ನೂ ಕೊಂದುಬಿಡುತ್ತಾನೆ! ಮಗಳನ್ನು ಕೊಟ್ಟರೆ ಬದುಕಿಸುತ್ತೇನೆ ಅನ್ನುತ್ತಾನೆ, ಬದುಕಿಸುತ್ತಾನೆ, ಮದುವೆಯಾಗುತ್ತದೆ. ಅತ್ತೆ ಈ ಕತೆಯನ್ನು ಹೇಳುವಾಗ ದೇವರ ಪರ ಇರುತ್ತಾರೆ, ನಾನು ಯಾವಾಗಲೂ ಕುರಿಗಳ ಪರ. ಅಲ್ಲಿ ಭಂಡಾರ ಎರಚುತ್ತಾ ‘ಯೇಳಕೋಟ ಯೇಳಕೋಟ’ ಅಂತ ಕೂಗುತ್ತಾರಲ್ಲ, ಅದು ನಮ್ಮ ‘ಏಳುಕೋಟಿ’ಯೇ ಅಂದರೆ ಅತ್ತೆಗೆ ಇವತ್ತಿಗೂ ಪೂರ್ತಿ ನಂಬಿಕೆಯಿಲ್ಲ.

ಹರನೇ ಕಾವಂ ಕೊಲ್ವಂ
ಹರಣಂ ಪೋಗಲ್ಕೆ ಮತ್ತೆ ತರಲುಂ ಬಲ್ಲಂ
ಮರುಗಿದಳಾ ಬಾಣಾಯಿಯು
“ಕುರಿಯೊಂದುಂ ಕಾಣದಲ್ಲ ಕುರಿಮಂದೆಯೊಳೇ”

ಮಾಟುಂಗಾ ಮೇಷ್ಟ್ರು:
ಇದು ಪೂರಣ. ಹರ, ಹರಣ ಎಷ್ಟು ಸಹಜವಾಗಿ ಬಂದಿದೆ! ಕೊಟ್ಟ ಸಾಲನ್ನು ಬೇರೆಯವರ ಬಾಯಿಗೆ ಹಾಕಿಬಿಡುವುದು ಅವಧಾನಿಗಳ ಹಳೆಯ ಉಪಾಯ, ಆದರೆ ಇಲ್ಲಿ ಆ ಬಾಯಿ ಅಳುವುದಕ್ಕೆ ಕಾರಣವಿದೆ. ನನ್ನ ಪಾಣಿನಿಯನ್ನು ವಾಪಸು ತೆಗೆದುಕೊಳ್ಳುತ್ತೇನೆ.

ಚಿಂಚವಡದ ಹೊಸಬ:
ಎಲ್ಲರಿಗೂ ನಮಸ್ಕಾರ. ಮೂರು ದಿನ ಈ ಕಡೆ ಬರಲಿಲ್ಲ, ಬೇಜಾರಾಗಿ ಅಲ್ಲ. ನಿನ್ನೆ ರಜೆ ಇತ್ತು, ಬೈಕ್ ಹತ್ತಿ ಸಾಸವಡದ ದಾರಿಯಲ್ಲಿ ಕುರಿ ಹುಡುಕಿಕೊಂಡು ಹೋದೆ. ಹುಟ್ಟಿದ್ದು ಬೆಳೆದದ್ದು ಎಲ್ಲ ಫ್ಲ್ಯಾಟಿನಲ್ಲಿ, ಕುರಿಯನ್ನು ಹತ್ತಿರದಿಂದ ಕಂಡದ್ದೇ ಇಲ್ಲ. ಕೊಯ್ದ ಬಾಜರಾ ಹೊಲದಲ್ಲಿ ಒಂದು ಕಳಪ ಸಿಕ್ಕಿತು. ಮಧ್ಯಾಹ್ನ ಒಂದು ಗಂಟೆ, ಅಕ್ಟೋಬರ್ ಬಿಸಿಲು, ಒಂದು ಗಿಡವಿಲ್ಲ.

ದೂರದಿಂದ ಯಾರೋ ಕರೀ ಕಂಬಳಿ ಒಣಹಾಕಿದ ಹಾಗಿತ್ತು. ಹತ್ತಿರ ಹೋದರೆ ಬರೀ ಬೆನ್ನುಗಳು. ತಲೆಗಳೇ ಇಲ್ಲ! ಬಗ್ಗಿ ನೋಡಿದೆ. ಒಂದರ ಹೊಟ್ಟೆಯ ಕೆಳಗೆ ಇನ್ನೊಂದರ ತಲೆ, ಅದರ ಹೊಟ್ಟೆಯ ಕೆಳಗೆ ಮತ್ತೊಂದರದ್ದು. ಒಳಗೆ ಬೆಲ್ಲ ಕುದಿಯುವ ಹಾಗೆ ಬುಸುಬುಸು ಉಸಿರು. ಕುರಿ ಕಾಯುವ ಹುಡುಗಿ ಬದುವಿನ ಮೇಲೆ ಮೊಬೈಲು ನೋಡುತ್ತಾ ಕೂತಿದ್ದಳು. ಬಿಸಿಲಿಗೆ ಹೀಗೇ ನಿಲ್ಲುತ್ತವೆ, ನೆರಳು ಇಲ್ಲದಿದ್ದರೆ ಒಂದಕ್ಕೊಂದು ನೆರಳು, ಎಂದಳು ಮರಾಠಿಯಲ್ಲಿ. ‘ಕಾಣದು’ ಅಂದರೆ ‘ಕಾಣಿಸದು’ ಅಂತಲೇ ನಾವೆಲ್ಲ ಹಿಡಿದಿದ್ದೆವಲ್ಲ. ಅಲ್ಲಿ ನಿಂತಾಗ ಹೊಳೆಯಿತು, ಕುರಿಯೇ ಏನನ್ನೂ ಕಾಣುತ್ತಿಲ್ಲ.

ಉರಿಬಿಸಿಲೊಳ್ ತಲೆತಗ್ಗಿಸಿ
ಒರಗುತೆ ನೆರೆಯೊಡಲ ನೆರಳೊಳಡಗಿರಲೆಲ್ಲಂ
ಬರುತಿರೆ ತೋಳಂ ಮೆಲ್ಲನೆ
ಕುರಿಯೊಂದುಂ ಕಾಣದಲ್ಲ ಕುರಿಮಂದೆಯೊಳೇ

ಹಡಪಸರದ ಅಕ್ಕ:
ಅಬ್ಬಾ. ಎರಡನೇ ಸಾಲನ್ನು ನಾಲ್ಕು ಸಲ ಓದಿದೆ.

ಮಾಟುಂಗಾ ಮೇಷ್ಟ್ರು:
ಆರನೆಯ ಗಣ ಸರ್ವಲಘು, ಅದರಲ್ಲಿ ಮೊದಲ ಲಘುವಿಗೇ ಪದ ಮುರಿದು ಯತಿ (ಓದಿನ ತಡೆ): ‘ಲ, ನೆರಳೊ’. ಬೇಕೆಂದೇ ಮಾಡಿದ್ದಾ, ತಾನಾಗಿ ಬಂತಾ?

ಚಿಂಚವಡದ ಹೊಸಬ:
ತಾನಾಗಿ ಬಂತು ಸರ್. ನೀವು ಹೇಳಿದ ಮೇಲೆ ಗೊತ್ತಾಯಿತು.

ವಾಸ್ಕೋದ ಕಾಕಾ:
ಭಾಳ ಛಲೋ ಆತು ತಮ್ಮಾ. ಮಾವ ಇದ್ದಿದ್ರ ಕೇಳಿಸ್ತಿದ್ದೆ. ಒಂದ ಮಾತು. ಆ ಸಾಸವಡ ಕಡೆ ತೋಳ ಅದಾವು, ಖರೆ. ಆದ್ರ ತೋಳ ಮಟಮಟ ಮಧ್ಯಾಹ್ನ, ನೆರಳಿಲ್ಲದ ಬಯಲಾಗ, ನಾಯಿ ಇದ್ದಲ್ಲಿ ಬರೂದಿಲ್ಲ. ಅದು ಕತ್ತಲಿ ಬೆಳಕಿನ ಸಂದ್ಯಾಗ ಬರೂ ಪ್ರಾಣಿ. ನೀ ಅಲ್ಲಿ ತೋಳನ ಕಂಡೇನು?

ಚಿಂಚವಡದ ಹೊಸಬ:
ಇಲ್ಲ ಕಾಕಾ. ಅಲ್ಲಿ ಇದ್ದದ್ದು ನಾನೊಬ್ಬನೇ. ಕೆಮ್ಮಿದೆ, ಸಿಳ್ಳೆ ಹಾಕಿದೆ, ಫೋಟೋ ತೆಗೆದೆ, ಒಂದೂ ತಿರುಗಿ ನೋಡಲಿಲ್ಲ. ಹಾಗಾದರೆ ಮೂರನೇ ಸಾಲು ಬದಲಾಯಿಸುತ್ತೇನೆ:

ಉರಿಬಿಸಿಲೊಳ್ ತಲೆತಗ್ಗಿಸಿ
ಒರಗುತೆ ನೆರೆಯೊಡಲ ನೆರಳೊಳಡಗಿರಲೆಲ್ಲಂ
ಬರೆಯಲ್ ಬಂದೆಂ ಕವಿ ನಾಂ
ಕುರಿಯೊಂದುಂ ಕಾಣದಲ್ಲ ಕುರಿಮಂದೆಯೊಳೇ

ಡೊಂಬಿವಲಿ ಫಾಸ್ಟ್:
ಗಾಡಿಯಲ್ಲಿ ಜೋರಾಗಿ ನಕ್ಕುಬಿಟ್ಟೆ. ಪಕ್ಕದವರು ಜಾಗ ಬಿಟ್ಟು ಸರಿದು ನಿಂತರು, ಡೊಂಬಿವಲಿಯಲ್ಲಿ ಇದು ಪವಾಡ.

ಕೊಥ್ರೂಡಿನ ಸೊಸೆ:
ತೋಳ ಹೋಗಿ ಕವಿ ಬಂದ ಮೇಲೆ ಕುರಿಗಳಿಗೆ ಅಪಾಯ ಕಡಿಮೆಯಾಯಿತೋ ಹೆಚ್ಚಾಯಿತೋ?

ಹಡಪಸರದ ಅಕ್ಕ:
ಈ ವಾರದ್ದು ಹೊಸಬನಿಗೆ. ಬಹುಮಾನ ಅಂದರೆ ಎಂದಿನ ಹಾಗೆ ಮುಂದಿನ ಸಮಸ್ಯೆ ಕೊಡುವ ಕೆಲಸ. ಕಾಕಾ, ಯಾವುದರ ಮೇಲೆ ಕೊಡಲಿ, ನೀವೇ ಹೇಳಿಬಿಡಿ.

ವಾಸ್ಕೋದ ಕಾಕಾ:
ಆಡಿನ ಮ್ಯಾಲೆ ಕೊಡು ತಮ್ಮಾ. ಅವು ಹಂಗ ತಲಿ ತಗ್ಗಿಸಿ ನಿಲ್ಲೂದಿಲ್ಲ. ನೀ ಬರಿಯೂ ಹಾಳಿನೂ ತಿಂತಾವು.