ತಂಗಡಿ ತುಂಬ ಹೂ, ಕಾಯಿ ಮಾತ್ರ ಒಂದೂ ಇಲ್ಲ

ಎರಿಹೊಲ (ಆಳಂದ ರಸ್ತೆ, ಕಲಬುರಗಿ):
ಎಲ್ಲರಿಗೂ ಶರಣು. ತೊಗರಿ ಹೊಲದ ಬದುವಿಗೆ ಸಾಲಾಗಿ ತಂಗಡಿ ಹಚ್ಚೀವ್ರಿ. ದುಂಬಿ, ಜೇನು ಬಂದ್ರ ತೊಗರಿಗೂ ಛಲೋ ಆಗ್ತದ ಅಂತ. ಗಿಡ ಎದಿಮಟ ಬೆಳದಾವ, ಹಳದಿ ಹೂ ಗೊಂಚಲು ಗೊಂಚಲು. ಆದ್ರ ಕಾಯಿ ಹಿಡಿವಲ್ದು, ಹೂ ಬಾಡಿ ತೊಟ್ಟು ಸಮೇತ ಉದುರ್ತಾವ. ಎಲಿ ಹಸಿರಾಗೇ ಅದಾವ. ಜೇನುನೊಣ ಬರ್ತಾವ, ಕುಂತು ಹಂಗೇ ಹೋಗ್ತಾವ. ಗೊಬ್ಬರ ಕಡಿಮಿ ಆಗ್ಯದೇನ್ರಿ?

ಸೇಡಂ ತೋಟ:
ನೀರು ನಿಂತಿರಬೇಕು ನೋಡ್ರಿ. ಎರಿ ಮಣ್ಣಿನ್ಯಾಗ ಬೇರು ಕೊಳತ್ರ ಹೂ ಉದುರ್ತಾವ.

ಬೇಲಿಹೂ (ಬೀದರ್):
ನೀರು ನಿಂತಿದ್ದರೆ ಮೊದಲು ಎಲೆ ಹಳದಿ ಆಗಬೇಕಿತ್ತು. ಗೊಬ್ಬರವೂ ಬೇಡ್ರಿ, ತಂಗಡಿ ಬರಡು ನೆಲದಲ್ಲೇ ಬೆಳೆಯುವ ಗಿಡ.

ಒಂದು ಹೂ ಕಿತ್ತು ಬಿಸಿಲಿಗೆ ಹಿಡಿದು ನೋಡಿ. ಕೇಸರಗಳಲ್ಲಿ ಮೇಲಿನ ಮೂರು ಬಂಜೆ, ಕೆಳಗಿನವು ಉದ್ದ, ಬಾಗಿದವು. ಅವುಗಳ ತುದಿಯಲ್ಲಿ ಸಣ್ಣ ತೂತು ಕಾಣ್ತದೆ. ಪರಾಗ ಒಳಗೇ ಇರ್ತದೆ, ಆ ತೂತಿನಿಂದಷ್ಟೇ ಹೊರಗೆ ಬರಬೇಕು. ಬೆರಳಿಂದ ಸವರಿದರೆ ಸುಲಭಕ್ಕೆ ಉದುರೋದಿಲ್ಲ. ಕರಿ ದುಂಬಿ ಹೂವನ್ನು ಅಪ್ಪಿ ಹಿಡಿದು, ರೆಕ್ಕೆ ಆಡಿಸದೆ ಎದೆಯ ಸ್ನಾಯು ನಡುಗಿಸಿ ಗುಂಯ್ ಅಂದಾಗ ಅದು ಚಿಮ್ಮಿ ದುಂಬಿಯ ಮೈಗೆ ಮೆತ್ತಿಕೊಳ್ತದೆ. ಜೇನುನೊಣಕ್ಕೆ ಈ ವಿದ್ಯೆ ಬರೋದಿಲ್ಲ. ನಿಮ್ಮಲ್ಲಿ ಜೇನು ಇದೆ, ಕರಿ ದುಂಬಿ ಇಲ್ಲ ಅಂತ ನನ್ನ ಅನುಮಾನ. ಅದು ಗೂಡು ಮಾಡೋದು ಒಣ ಮರದಲ್ಲಿ. ಸುತ್ತಮುತ್ತ ಒಣ ಕೊಂಬೆ, ಹಳೇ ತೊಲೆ ಏನಾದರೂ ಉಳಿದಿದೆಯಾ?

ಎರಿಹೊಲ:
ಇಲ್ರೀ. ದನದ ಕೊಟ್ಟಿಗಿ ಹಳೇ ಕಂಬ, ತೊಲಿ ತೆಗೆದು ಹೋದ ವರ್ಷ ಕಬ್ಬಿಣ, ತಗಡು ಹಾಕೀವಿ. ಮೊದಲು ಆ ತೊಲಿಯೊಳಗ ದುಂಬಿ ಹೊಕ್ಕು ಹೊರಡೋದು ಕಾಣ್ತಿತ್ತು. ಬೇವಿನ ಒಣ ಟೊಂಗಿನೂ ಉರುವಲಿಗೆ ಕಡದೀವಿ.

ಬೇಲಿಹೂ:
ಹಾಗಾದರೆ ಮೊದಲು ಮನೆ ಕೊಡಿ. ಒಣ ಬಿದಿರನ್ನು ಗೆಣ್ಣಿನಿಂದ ಗೆಣ್ಣಿಗೆ ಕತ್ತರಿಸಿ. ಒಂದು ತುದಿ ಗೆಣ್ಣಿನಿಂದ ಮುಚ್ಚಿರಲಿ, ಇನ್ನೊಂದು ತುದಿಯಲ್ಲಿ ಕಿರುಬೆರಳು ಹೋಗುವಷ್ಟು ತೂತಿರಲಿ. ಕಟ್ಟು ಕಟ್ಟಿ ಸೂರಿನ ಕೆಳಗೆ, ಮಳೆ ತಾಗದ ಕಡೆ ಅಡ್ಡಲಾಗಿ ತೂಗುಹಾಕಿ. ಬೇವಿನ ದಪ್ಪ ಒಣ ತುಂಡು ಒಂದೆರಡು ಬದುವಿಗೆ ನೆಡಿ, ಉರುವಲಿಗೆ ಬೇರೆ ನೋಡಿ. ದುಂಬಿ ಮರ ತಿನ್ನೋದಿಲ್ಲ, ಕೊರೆದು ಒಳಗೆ ಮರಿ ಮಾಡ್ತದೆ. ಗಂಡು ದುಂಬಿಗೆ ಮುಳ್ಳೇ ಇಲ್ಲ, ಹೆಣ್ಣು ಕೈಯಲ್ಲಿ ಹಿಡಿದರೆ ಮಾತ್ರ ಚುಚ್ಚೀತು.

ಇನ್ನೊಂದು ಮಾತು. ತಂಗಡಿಯಲ್ಲಿ ಮಕರಂದ ಇಲ್ಲ, ಪರಾಗ ಅಷ್ಟೇ. ಹೊಟ್ಟೆಗೆ ಬೇರೆ ಹೂ ಬೇಕು. ತೊಗರಿ ಹೂ ಮುಗಿದ ಮೇಲೆ ಬೇಸಿಗೆಯೇ ಕಷ್ಟದ ಕಾಲ, ಆಗ ಹೊಂಗೆ, ಎಕ್ಕೆ ಕೈಹಿಡಿತಾವೆ. ತೊಗರಿ ಹೂವಿನಲ್ಲಿದ್ದಾಗ ಕಾಯಿಕೊರಕಕ್ಕೆ ಏನು ಹೊಡೀತೀರಿ, ಯಾವ ಹೊತ್ತಿಗೆ?

ಎರಿಹೊಲ:
ಅಂಗಡಿಯವರು ಕೊಟ್ಟ ಔಷಧಿ, ಮುಂಜಾನಿ ಹತ್ತಕ್ಕ.

ಬೇಲಿಹೂ:
ಅದೇ ಹೊತ್ತಿಗೆ ದುಂಬಿ, ಜೇನು ಹೂವಿನ ಮೇಲಿರ್ತಾವ್ರಿ! ಹುಳು ಸಣ್ಣದಿದ್ದಾಗ ಶೇ. 5ರ ಬೇವಿನ ಬೀಜದ ಕಷಾಯ ಹೊಡಿರಿ. ಮೀರಿದರೆ ಮಾತ್ರ ಔಷಧಿ, ಅದೂ ಹೊತ್ತು ಮುಳುಗಿದ ಮೇಲೆ. ಬದುವಿನ ಹೂಗಳ ಮೇಲೆ ಸಿಡಿಯದಂತೆ ನೋಡಿಕೊಳ್ಳಿ.

ಎರಿಹೊಲ:
ಮಾಡ್ತೀನ್ರಿ. ಎಕ್ಕಿ ಮನಿ ಹತ್ರ ಹಚ್ಚಬಹುದೇನ್ರಿ?

ಬೇಲಿಹೂ:
ಬೇಡ. ಅದರ ಹಾಲು ಕಣ್ಣಿಗೆ ಬಿದ್ದರೆ ಅಪಾಯ. ಮಕ್ಕಳು, ಕರುಗಳು ಓಡಾಡದ ಬದುವಿನ ಆಚೆ ತುದಿಗೆ ಇರಲಿ. ಹೊಂಗೆ ಬೇಕಾದರೆ ಮನೆ ಹತ್ತಿರ ಇಡಿ, ನೆರಳೂ ಆಗ್ತದೆ.