ಅಪ್‌ಡೇಟ್: ಪಾಲಿನ ದಾವೆ ನಡೆಯುವಾಗ ಕೊಂಡ ಜಮೀನು

ಹಿಂದೆ ಕೇಳಿದ್ದು ಇಷ್ಟು: ಅಣ್ಣತಮ್ಮಂದಿರ ಪಾಲಿನ ದಾವೆ ಕೋರ್ಟಿನಲ್ಲಿರುವಾಗಲೇ ಒಬ್ಬರು ಮಾರಿದ ಜಮೀನು ಕೊಂಡರೆ ಕ್ರಯಪತ್ರ ರದ್ದಾಗುತ್ತದೆಯೇ? ವಕೀಲರು ದಾಖಲೆ ನೋಡಿದ ಮೇಲೆ ಸ್ಪಷ್ಟವಾದದ್ದು ಇದು.

ಪತ್ರ ತಾನಾಗಿ ರದ್ದಾಗುವುದಿಲ್ಲ. 1882ರ ಆಸ್ತಿ ವರ್ಗಾವಣೆ ಕಾಯ್ದೆಯ 52ನೇ ಕಲಮಿನಂತೆ ಅದು ದಾವೆಯ ತೀರ್ಪಿಗೆ ಅಧೀನ, ಅಷ್ಟೇ. ‘ದಾವೆ ಗೊತ್ತಿರಲಿಲ್ಲ’ ಎಂಬ ವಾದ ನಿಲ್ಲುವುದಿಲ್ಲ. ಋಣಭಾರ ಪತ್ರ (ಇ.ಸಿ.) ತೋರಿಸುವುದು ನೋಂದಣಿಯಾದ ವ್ಯವಹಾರಗಳನ್ನು. ದಾವೆ ಅದರಲ್ಲಿ ಕಾಣದೇ ಹೋಗಬಹುದು. ಕೊಳ್ಳುವವರು ಎಡವುವುದು ಇಲ್ಲೇ.

ಮಾರಿದವರ ಪಾಲು ಕಾಲುಭಾಗವಾದರೆ ಕೊಂಡವರಿಗೂ ಅಷ್ಟೇ, ಪತ್ರದಲ್ಲಿ ಇಡೀ ಜಮೀನು ಬರೆದಿದ್ದರೂ. ಚಕ್ಕುಬಂದಿ (ನಾಲ್ಕು ದಿಕ್ಕಿನ ಗಡಿ) ಹಾಕಿ ನಿರ್ದಿಷ್ಟ ತುಂಡು ಕೊಂಡಿದ್ದರೆ, ಅದೇ ತುಂಡನ್ನು ಮಾರಿದವರ ಪಾಲಿಗೆ ಹಾಕಿ ಎಂದು ಕೇಳಬಹುದು. ಉಳಿದ ಪಾಲುದಾರರಿಗೆ ಅನ್ಯಾಯವಾಗದಿದ್ದರೆ ಕೋರ್ಟ್ ಒಪ್ಪಬಹುದು; ಅದು ಹಕ್ಕಲ್ಲ.

ಕೇಳಬೇಕಾದರೆ ಮೊದಲು ದಾವೆಯೊಳಗೆ ಇರಬೇಕು. ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 1 ನಿಯಮ 10 ಮತ್ತು ಆದೇಶ 22 ನಿಯಮ 10ರಡಿ ಅರ್ಜಿ ಹಾಕಿ, ಕ್ರಯಪತ್ರದ ದೃಢೀಕೃತ ನಕಲು ಲಗತ್ತಿಸಿ. ತಡ ಮಾಡಬೇಡಿ: ಹಣ ಕೈಸೇರಿದ ಮೇಲೆ ಮಾರಿದವರಿಗೆ ಕೇಸಿನ ಕಾಳಜಿ ಉಳಿಯುವುದಿಲ್ಲ, ಒಳಗೊಳಗೇ ರಾಜಿಯಾಗಿಬಿಡಬಹುದು. ಯಾರಿಗೆಷ್ಟು ಪಾಲು ಎಂದು ಹೇಳುವ ಪ್ರಾಥಮಿಕ ಡಿಕ್ರಿ ಆಗಿದ್ದರೂ, ಜಮೀನು ಹಂಚಿಕೊಡುವ ಅಂತಿಮ ಡಿಕ್ರಿಯ ಹಂತದಲ್ಲಿ ಸೇರಲು ಅವಕಾಶವಿದೆ, ಆದರೆ ಕೋರ್ಟ್ ನೇಮಿಸಿದ ಕಮಿಷನರ್ ಅಳತೆಗೆ ಬರುವ ಮುನ್ನ ಸೇರಿಕೊಳ್ಳಿ. ಜಮೀನು ಬೇರೆಯವರ ಪಾಲಿಗೆ ಹೋಗಿ ಅಮೀನರು (ಕೋರ್ಟಿನ ಆದೇಶ ಜಾರಿ ಮಾಡುವ ಸಿಬ್ಬಂದಿ) ಸ್ವಾಧೀನಕ್ಕೆ ಬಂದಾಗ ತಡೆಯಲು ಅದೇ ಸಂಹಿತೆಯ ಆದೇಶ 21 ನಿಯಮ 102 ಬಿಡುವುದಿಲ್ಲ.

ಕುಟುಂಬದ ವಾಸದ ಮನೆಯಲ್ಲಿ ಪಾಲು ಕೊಂಡವರಿಗೆ ಆಸ್ತಿ ವರ್ಗಾವಣೆ ಕಾಯ್ದೆಯ 44ನೇ ಕಲಂ ಇನ್ನೂ ಬಿಗಿ: ಹೊರಗಿನವರು ಜಂಟಿ ಸ್ವಾಧೀನ ಕೇಳುವಂತಿಲ್ಲ.