ಎಲ್ಲ ಡೂಮ್ ಆಟಗಳಿಗೂ ಒಂದೇ ಲಾಂಚರ್: ಯಾವುದನ್ನು ಆರಿಸಿದರೂ ಡೂಮ್ 2 ಮಾತ್ರ ತೆರೆದುಕೊಳ್ಳುತ್ತಿದೆ

ತುಂಗಾತೀರ (ಪ್ರಶ್ನೆ):

ಎಲ್ಲರಿಗೂ ನಮಸ್ಕಾರ. ಡೂಮ್, ಡೂಮ್ 2, ಫೈನಲ್ ಡೂಮಿನ ಎರಡು ಭಾಗಗಳಾದ ಟಿಎನ್‌ಟಿ ಮತ್ತು ಪ್ಲುಟೋನಿಯಾ, ಇವುಗಳ ಜೊತೆಗೆ ಹೆರೆಟಿಕ್, ಹೀಗೆ ಐದು ಹಳೆಯ ಶೂಟಿಂಗ್ ಆಟಗಳನ್ನು ಒಂದೇ ಲಾಂಚರಿನಿಂದ (ಆಟಗಳನ್ನು ಆರಿಸಿ ತೆರೆಯುವ ತಂತ್ರಾಂಶದಿಂದ) ಆಡಬೇಕೆಂದು ಝಡ್‌ಡಿಎಲ್ ಎಂಬ ಲಾಂಚರನ್ನು ಹಾಕಿಕೊಂಡಿದ್ದೇನೆ. ಆಟವನ್ನು ನಿಜವಾಗಿ ಓಡಿಸುವ ಎಂಜಿನ್ ಜಿಝಡ್‌ಡೂಮ್, ಗಣಕದಲ್ಲಿರುವುದು ವಿಂಡೋಸ್ 11. ಡೂಮ್ ಆಟಗಳ ವ್ಯಾಡ್ ಎಂಬ ದತ್ತಾಂಶ ಕಡತಗಳು ನಾನು ಸ್ಟೀಮಿನಲ್ಲಿ ಕೊಂಡ ‘ಡೂಮ್ + ಡೂಮ್ 2’ರ ರೀರಿಲೀಸ್ ಫೋಲ್ಡರಿನಲ್ಲಿವೆ.

ಸಮಸ್ಯೆ ಹೀಗಿದೆ. ಪಟ್ಟಿಯಲ್ಲಿ ಯಾವ ಆಟವನ್ನು ಆರಿಸಿ ಲಾಂಚ್ ಒತ್ತಿದರೂ ಡೂಮ್ 2ರ ಮುಖಪುಟವೇ ಬರುತ್ತದೆ. ಡೂಮ್ ಆಯ್ದು ಅದರ ಜೊತೆ ಸಿಜಿಲ್ ಎಂಬ ಹೆಚ್ಚುವರಿ ನಕ್ಷೆಗಳ ಕಟ್ಟನ್ನು ಸೇರಿಸಿದರೆ ದೋಷಸಂದೇಶವೇನೂ ಬರುವುದಿಲ್ಲ, ಆದರೆ ಸಿಜಿಲ್‌ನ ಐದನೆಯ ಎಪಿಸೋಡ್ ಮೆನುವಿನಲ್ಲಿ ಕಾಣುವುದೂ ಇಲ್ಲ. ಇದಲ್ಲದೆ, ಲಾಂಚರ್ ಹಾಕುವ ಮೊದಲು ಪ್ಲುಟೋನಿಯಾ ಆಡುತ್ತಿದ್ದಾಗ ಉಳಿಸಿದ್ದ ಸೇವ್‌ಗಳು ಈಗ ತೆರೆಯುವುದಿಲ್ಲ. ಲಾಂಚರನ್ನು ಅಳಿಸಿ ಮತ್ತೆ ಹಾಕಿದ್ದರಿಂದ ಪ್ರಯೋಜನವಾಗಲಿಲ್ಲ. ಎಲ್ಲಿಂದ ಹುಡುಕಲು ಆರಂಭಿಸಬೇಕೆಂದು ತಿಳಿದವರು ದಯವಿಟ್ಟು ಹೇಳಬೇಕು.

ಹಳೇಗಣಕ:

ತುಂಗಾತೀರ ಅವರೇ, ನೀವು ಹೇಳಿದ ಮೂರೂ ಲಕ್ಷಣಗಳಿಗೆ ಮೂಲ ಒಂದೇ ಇರುವಂತೆ ತೋರುತ್ತದೆ. ಲಾಂಚರನ್ನು ಇನ್ನೊಮ್ಮೆ ಅಳಿಸುವ ಮೊದಲು ಅದು ಮಾಡುವ ಕೆಲಸ ಎಷ್ಟು ಚಿಕ್ಕದೆಂಬುದನ್ನು ಗಮನಿಸಿ. ಡೂಮ್ 1993ರ ಡಿಸೆಂಬರ್ 10ರಂದು ಹೊರಬಂದಾಗಲೇ ಅದರ ಎಂಜಿನ್ ಒಂದು ಕಡೆ, ನಕ್ಷೆ, ಚಿತ್ರ ಮತ್ತು ಸದ್ದುಗಳೆಲ್ಲ ಇರುವ ವ್ಯಾಡ್ ಕಡತ ಇನ್ನೊಂದು ಕಡೆ ಎಂಬ ವ್ಯವಸ್ಥೆ ಇತ್ತು. 1997ರ ಡಿಸೆಂಬರಿನಲ್ಲಿ ಐಡಿ ಸಾಫ್ಟ್‌ವೇರ್ ಎಂಜಿನ್‌ನ ಮೂಲ ಸಂಕೇತವನ್ನು ಬಿಡುಗಡೆ ಮಾಡಿದ ಮೇಲೆ ಹುಟ್ಟಿಕೊಂಡ ಜಿಝಡ್‌ಡೂಮಿನಂಥ ಎಂಜಿನ್‌ಗಳು ಅದೇ ವ್ಯವಸ್ಥೆಯನ್ನು ಉಳಿಸಿಕೊಂಡವು. ನಿಮ್ಮ ಐದು ಆಟಗಳನ್ನೂ ಒಂದೇ ಎಂಜಿನ್ ಓಡಿಸಬಲ್ಲದು, ಯಾವ ಮೂಲ ವ್ಯಾಡನ್ನು ತೆರೆಯಬೇಕೆಂದು ಅದಕ್ಕೆ ಹೇಳಿದರೆ ಸಾಕು. ಲಾಂಚರ್ ಹೋಟೆಲಿನ ಮಾಣಿಯಂತೆ ನಿಮ್ಮ ಆಯ್ಕೆಯನ್ನು ಒಂದು ಸಾಲಿನ ಚೀಟಿಯಾಗಿ ಬರೆದು ಒಳಗೆ ಕೊಡುತ್ತದೆ, ಅಷ್ಟೇ, ಅಡುಗೆ ಅದರದಲ್ಲ.

ಆದ್ದರಿಂದ ನೋಡಬೇಕಾದದ್ದು ಆ ಸಾಲನ್ನು. ಝಡ್‌ಡಿಎಲ್‌ನ ಮೆನುವಿನಲ್ಲಿ ಕಮಾಂಡ್ ಲೈನ್ ತೋರಿಸುವ ಆಯ್ಕೆ ಇದೆ. ಡೂಮ್ ಮತ್ತು ಸಿಜಿಲ್ ಆರಿಸಿಕೊಂಡು, ಅಲ್ಲಿ ಬರುವ ಸಾಲನ್ನು ಒಂದಕ್ಷರವೂ ಬಿಡದೆ ಇಲ್ಲಿ ಹಾಕಿ. ಸೆಟ್ಟಿಂಗ್ಸ್ ಪುಟದಲ್ಲಿ ಎಲ್ಲ ಆಟಗಳಿಗೂ ಸದಾ ಸೇರಿಸಬೇಕಾದ ಅಂಶಗಳನ್ನು ಬರೆಯುವ ಪೆಟ್ಟಿಗೆಯೊಂದಿದೆ, ಅದರಲ್ಲಿ ಏನಾದರೂ ಇದ್ದರೆ ಅದನ್ನೂ ತಿಳಿಸಿ.

ತುಂಗಾತೀರ:

ಧನ್ಯವಾದಗಳು, ಹಳೇಗಣಕ ಅವರೇ. ಸದಾ ಸೇರಿಸುವ ಪೆಟ್ಟಿಗೆ ಖಾಲಿ ಇದೆ. ಕಮಾಂಡ್ ಲೈನ್ ಇದು (ಓದಲು ಅನುಕೂಲವಾಗಲೆಂದು ಕನ್ನಡದಲ್ಲಿ ಬರೆದಿದ್ದೇನೆ, ಮೂಲದಲ್ಲಿ ಎಲ್ಲವೂ ಇಂಗ್ಲಿಷಿನ ಸಣ್ಣ ಅಕ್ಷರಗಳಲ್ಲಿದೆ, ಫೋಲ್ಡರುಗಳ ಉದ್ದದ ಹಾದಿಯನ್ನು ಬಿಟ್ಟಿದ್ದೇನೆ):

ಡೂಮ್‌ಪ್ಲೇ.ಬ್ಯಾಟ್ -ಐವ್ಯಾಡ್ ಡೂಮ್.ವ್ಯಾಡ್ -ಫೈಲ್ ಸಿಜಿಲ್.ವ್ಯಾಡ್

ನನ್ನ ಕಣ್ಣಿಗೆ ಇದು ಸರಿಯಾಗಿಯೇ ಕಾಣುತ್ತದೆ. ಡೂಮ್ 2ರ ಹೆಸರು ಎಲ್ಲಿಯೂ ಇಲ್ಲ.

ಹಳೇಗಣಕ:

ಲಾಂಚರ್ ಬರೆದ ಭಾಗ ಸರಿಯಾಗಿಯೇ ಇದೆ, ಆದರೆ ಸಾಲಿನ ಮೊದಲ ಪದವನ್ನು ನೋಡಿ. ಅಲ್ಲಿ ಜಿಝಡ್‌ಡೂಮ್.ಇಎಕ್ಸ್‌ಇ ಇರಬೇಕಾಗಿತ್ತು, ಬದಲಿಗೆ ಆದೇಶಗಳನ್ನು ಬರೆದಿಟ್ಟ ಒಂದು ಬ್ಯಾಚ್ ಕಡತ ಇದೆ. ಅಂದರೆ ಲಾಂಚರಿಗೆ ಎಂಜಿನ್ ಎಂದು ತೋರಿಸಿರುವುದು ನಿಜವಾದ ಎಂಜಿನ್ನಲ್ಲ, ಎಂಜಿನ್ನನ್ನು ಕರೆಯುವ ಇನ್ನೊಂದು ಕಡತ. ಅದರ ಮೇಲೆ ಬಲಗುಂಡಿ ಒತ್ತಿ ನೋಟ್‌ಪ್ಯಾಡಿನಲ್ಲಿ ತೆರೆದು, ಒಳಗಿರುವುದನ್ನು ಹಾಕಿ.

ತುಂಗಾತೀರ:

ಆ ಕಡತ ಈ ಗಣಕವನ್ನು ನನಗಿಂತ ಮೊದಲು ಬಳಸುತ್ತಿದ್ದ ನಮ್ಮಣ್ಣನದು. ಒಳಗೆ ಒಂದೇ ಸಾಲಿದೆ:

ಜಿಝಡ್‌ಡೂಮ್.ಇಎಕ್ಸ್‌ಇ -ಐವ್ಯಾಡ್ ಡೂಮ್2.ವ್ಯಾಡ್ -ಸೇವ್‌ಡಿರ್ ಡಿ:\ಸೇವ್ಸ್ %*

ಹಳೇಗಣಕ:

ಮೂರು ಪ್ರಶ್ನೆಗಳಿಗೂ ಉತ್ತರ ಈ ಸಾಲಿನಲ್ಲಿದೆ. ಕೊನೆಯ ಶೇಕಡಾ ಮತ್ತು ನಕ್ಷತ್ರ ಚಿಹ್ನೆಗಳು ಬ್ಯಾಚ್ ಕಡತಕ್ಕೆ ಬಂದದ್ದನ್ನೆಲ್ಲ ಹಾಗೆಯೇ ಮುಂದಕ್ಕೆ ದಾಟಿಸುತ್ತವೆ. ಲಾಂಚರ್ ಕೊಟ್ಟ ಡೂಮ್.ವ್ಯಾಡ್ ಎಂಜಿನ್ನಿಗೆ ತಲುಪುತ್ತದೆ ನಿಜ, ಆದರೆ ಅದಕ್ಕಿಂತ ಮುಂಚೆಯೇ ಇನ್ನೊಂದು ಐವ್ಯಾಡ್ (ಮೂಲ ವ್ಯಾಡ್) ಆದೇಶ ಡೂಮ್ 2ನ್ನು ಹೆಸರಿಸಿರುತ್ತದೆ. ಜಿಝಡ್‌ಡೂಮ್ ಸಾಲನ್ನು ಎಡದಿಂದ ಓದುತ್ತಾ ಮೊದಲು ಸಿಕ್ಕ ಐವ್ಯಾಡನ್ನೇ ಹಿಡಿಯುತ್ತದೆ, ಎರಡನೆಯದರ ಬಗ್ಗೆ ಯಾವ ದೂರನ್ನೂ ಹೇಳುವುದಿಲ್ಲ.

ಸಿಜಿಲ್ ಕಾಣಿಸದಿರುವುದೂ ಇದರಿಂದಲೇ. 1993ರ ಡೂಮಿನಲ್ಲಿ ನಕ್ಷೆಗಳ ಹೆಸರು ಇ1ಎಂ1, ಇ1ಎಂ2 ಎಂದು ಎಪಿಸೋಡುಗಳಿಗೆ ತಕ್ಕಂತೆ ಇರುತ್ತದೆ. ಡೂಮ್ 2, ಟಿಎನ್‌ಟಿ ಮತ್ತು ಪ್ಲುಟೋನಿಯಾಗಳಲ್ಲಿ ಮ್ಯಾಪ್01ರಿಂದ ಮ್ಯಾಪ್32ರ ತನಕ ಒಂದೇ ಸರಣಿ. ಜಾನ್ ರೊಮೆರೊ 2019ರಲ್ಲಿ ಹೊರತಂದ ಸಿಜಿಲ್ ಮೊದಲನೆಯ ಪದ್ಧತಿಯದು. ಅದನ್ನು ಡೂಮ್ 2ರ ಮೇಲೆ ಹೇರಿದರೆ ಎಂಜಿನ್ ಅದನ್ನು ಓದಿಕೊಳ್ಳುತ್ತದೆ, ಆದರೆ ಡೂಮ್ 2ರ ಮೆನುವಿನಿಂದ ಅಲ್ಲಿಗೆ ಹೋಗಲು ದಾರಿಯೇ ಇರುವುದಿಲ್ಲ. ‘ಮಾಡ್ (ಆಟದ ಮಾರ್ಪಾಟು) ಹಾಕಿದೆ, ತಪ್ಪು ಸಂದೇಶವೂ ಇಲ್ಲ, ಬದಲಾವಣೆಯೂ ಇಲ್ಲ’ ಎಂಬ ದೂರುಗಳಲ್ಲಿ ಬಹುಪಾಲು ಇದೇ ಕಾರಣದ್ದು ಎಂಬುದು ನನ್ನ ಅನುಭವ. ನಕ್ಷೆಗಳ ಮಾಡ್ ಇಳಿಸಿಕೊಂಡಾಗ ಅದರ ಜೊತೆ ಬರುವ ಪಠ್ಯ ಕಡತದಲ್ಲಿ ಯಾವ ಐವ್ಯಾಡಿಗೆಂದು ಬರೆದಿರುತ್ತಾರೆ, ಅದನ್ನು ಓದದೆ ಮುಂದಕ್ಕೆ ಹೋಗಬಾರದು.

ಇನ್ನು ಸೇವ್‌ಗಳು. ಆಟ ಯಾವುದೇ ಆಗಿರಲಿ, ಅಣ್ಣನವರ ಸಾಲು ಎಲ್ಲವನ್ನೂ ಒಂದೇ ಫೋಲ್ಡರಿಗೆ ಸುರಿಯುತ್ತದೆ. ಪ್ರತಿ ಸೇವ್‌ನ ಒಳಗೂ ಅದು ಯಾವ ವ್ಯಾಡಿಗೆ ಸೇರಿದ್ದೆಂಬ ಗುರುತಿರುವುದರಿಂದ, ಡೂಮ್ 2 ಓಡುತ್ತಿರುವಾಗ ಪ್ಲುಟೋನಿಯಾದ ಸೇವ್ ತೆರೆಯುವುದಿಲ್ಲ. ನಿಮ್ಮ ಸೇವ್‌ಗಳು ಕೆಟ್ಟಿಲ್ಲ, ಚಿಂತಿಸಬೇಡಿ. ಆದರೆ ತಾನಾಗಿ ಆಗುವ ಆಟೋಸೇವ್‌ಗಳ ವಿಷಯದಲ್ಲಿ ಎಚ್ಚರಿಕೆ ಬೇಕು: ಅವು ಕೆಲವೇ ಹೆಸರುಗಳನ್ನು ಸರದಿಯಂತೆ ಮರುಬಳಕೆ ಮಾಡುತ್ತವೆ, ಫೋಲ್ಡರ್ ಒಂದೇ ಆಗಿದ್ದರೆ ಒಂದು ಆಟದ ಆಟೋಸೇವ್ ಮೇಲೆ ಇನ್ನೊಂದರದು ಬಂದು ಕೂರುತ್ತದೆ.

ಮಾಡಬೇಕಾದದ್ದು ಇಷ್ಟು. ಲಾಂಚರಿನ ಎಂಜಿನ್ ಪಟ್ಟಿಯಿಂದ ಬ್ಯಾಚ್ ಕಡತವನ್ನು ತೆಗೆದು, ನೇರವಾಗಿ ಜಿಝಡ್‌ಡೂಮ್.ಇಎಕ್ಸ್‌ಇಯನ್ನು ತೋರಿಸಿ. ಅನಂತರ ಒಂದೊಂದು ಆಟಕ್ಕೂ ಹೆಚ್ಚುವರಿ ಆದೇಶಗಳ ಪೆಟ್ಟಿಗೆಯಲ್ಲಿ ಬೇರೆ ಬೇರೆ ಸೇವ್‌ಡಿರ್ (ಸೇವ್‌ಗಳ ಫೋಲ್ಡರನ್ನು ಹೇಳುವ ಆದೇಶ) ಬರೆದು, ಆ ಹೊಂದಿಕೆಯನ್ನು ಅದರದೇ ಝಡ್‌ಡಿಎಲ್ ಕಡತವಾಗಿ ಉಳಿಸಿ. ಫೋಲ್ಡರಿನ ಹೆಸರಿನಲ್ಲಿ ಖಾಲಿ ಜಾಗವಿದ್ದರೆ ಇಡೀ ಹಾದಿಯನ್ನು ಜೋಡಿ ಉದ್ಧರಣ ಚಿಹ್ನೆಗಳ ಒಳಗೆ ಹಾಕುವುದನ್ನು ಮರೆಯಬೇಡಿ, ಇಲ್ಲದಿದ್ದರೆ ಎಂಜಿನ್ ಹೆಸರನ್ನು ಅರ್ಧಕ್ಕೆ ಕತ್ತರಿಸಿ ಓದುತ್ತದೆ.

ಅರ್ಧಬಿಟ್:

ಹಳೇಗಣಕ ಅವರ ಮಾತಿಗೆ ಒಂದು ಸೇರ್ಪಡೆ. ರೀರಿಲೀಸ್ ಫೋಲ್ಡರಿನಲ್ಲಿರುವ ವ್ಯಾಡ್‌ಗಳನ್ನೆಲ್ಲ ಲಾಂಚರಿನ ಐವ್ಯಾಡ್ ಪಟ್ಟಿಗೆ ಒಟ್ಟಿಗೆ ಎಳೆದು ಹಾಕಬೇಡಿ. ಅಲ್ಲಿರುವುದೆಲ್ಲ ಸ್ವತಂತ್ರ ಆಟವಲ್ಲ. ನರ್ವ್.ವ್ಯಾಡ್, ಅಂದರೆ 2010ರ ‘ನೋ ರೆಸ್ಟ್ ಫಾರ್ ದಿ ಲಿವಿಂಗ್’, ಡೂಮ್ 2ರ ಮೇಲೆ ಕೂರುವ ಹೆಚ್ಚುವರಿ ನಕ್ಷೆಗಳ ಕಟ್ಟು. ಸಿಜಿಲ್ ಕೂಡ ಹಾಗೆಯೇ ಡೂಮಿನ ಮೇಲೆ ಕೂರುತ್ತದೆ. ಇವು ಐವ್ಯಾಡ್ ಪಟ್ಟಿಗಲ್ಲ, ಹೊರ ಕಡತಗಳ ಪಟ್ಟಿಗೆ ಹೋಗಬೇಕು. ಅನುಮಾನ ಬಂದರೆ ಕಡತವನ್ನು ಯಾವುದಾದರೂ ಹೆಕ್ಸ್ ಎಡಿಟರಿನಲ್ಲಿ (ಕಡತದ ಬೈಟ್‌ಗಳನ್ನು ತೋರಿಸುವ ತಂತ್ರಾಂಶದಲ್ಲಿ) ತೆರೆದು ಮೊದಲ 4 ಬೈಟ್ ನೋಡಿ: ಮೂಲ ಆಟವಾದರೆ ಅಲ್ಲಿ ಐ, ಡಬ್ಲ್ಯೂ, ಎ, ಡಿ ಎಂಬ ಅಕ್ಷರಗಳಿರುತ್ತವೆ, ಮೇಲ್ಸೇರ್ಪಡೆಯಾದರೆ ಸಾಮಾನ್ಯವಾಗಿ ಐ ಬದಲು ಪಿ ಇರುತ್ತದೆ. ‘ಲೆಗಸಿ ಆಫ್ ರಸ್ಟ್’ ಎಂಬ ಹೊಸ ಎಪಿಸೋಡ್ ಇರುವ ಐಡಿ1.ವ್ಯಾಡ್‌ಗೆ ಡೂಮ್ 2 ಜೊತೆಗಿರಬೇಕಾದದ್ದಷ್ಟೇ ಅಲ್ಲ, ಐಡಿ24 ಎಂಬ ಹೊಸ ಮಾನದಂಡವನ್ನು ಅರಿತ ಎಂಜಿನ್ನೂ ಬೇಕು. ಎಂಜಿನ್ ಹಳೆಯದಾಗಿದ್ದರೆ ಮೊದಲು ಅದನ್ನು ನವೀಕರಿಸಿಕೊಳ್ಳಿ.

ಹಳೆಯ ಆವೃತ್ತಿಗಾಗಿಯೇ ಮಾಡಿದ ಡೆಮೊ ರೆಕಾರ್ಡಿಂಗ್‌ಗಳನ್ನು ನೋಡುವ ಹವ್ಯಾಸವಿದ್ದವರು 1.9 ಆವೃತ್ತಿಯ ಮೂಲ ಕಡತವನ್ನು ಪ್ರತ್ಯೇಕವಾಗಿ ಇಟ್ಟುಕೊಳ್ಳುವುದು ಒಳ್ಳೆಯದು. ಡೂಮ್ 2ರ 1.9ರ ಗಾತ್ರ 1,46,04,584 ಬೈಟ್. ಮೊದಲ ಡೂಮಿನ ವಿಸ್ತರಿತ ಆವೃತ್ತಿಯಾದ ಅಲ್ಟಿಮೇಟ್ ಡೂಮಿನದು 1,24,08,292. ನಿಮ್ಮ ಕಡತದ ಗಾತ್ರ ಬೇರೆಯಿದ್ದರೆ ಅದು ಕೆಟ್ಟಿದೆಯೆಂದು ಅರ್ಥವಲ್ಲ, ಬೇರೆ ಮುದ್ರಣದ್ದು ಎಂದಷ್ಟೇ ಅರ್ಥ.

ಇನ್ನೊಂದು ಮಾತನ್ನೂ ಹೇಳಿಬಿಡುತ್ತೇನೆ. ಬರೀ ಡೂಮ್, ಡೂಮ್ 2 ಮತ್ತು ಫೈನಲ್ ಡೂಮ್ ಆಡುವುದಷ್ಟೇ ಉದ್ದೇಶವಾದರೆ, 2024ರ ಆಗಸ್ಟಿನಲ್ಲಿ ಬಂದ ‘ಡೂಮ್ + ಡೂಮ್ 2’ರ ಮೆನುವೇ ಇವೆಲ್ಲವನ್ನೂ ಒಂದೇ ಕಡೆ ಕೊಡುತ್ತದೆ, ನೀವು ಅದನ್ನು ಆಗಲೇ ಕೊಂಡಿದ್ದೀರಿ ಕೂಡ. ಹೊರಗಿನ ಲಾಂಚರ್ ನಿಜವಾಗಿ ಬೇಕಾಗುವುದು ಹೆರೆಟಿಕ್‌ನಂಥ ಸೋದರ ಆಟಗಳನ್ನೂ ಒಂದೇ ಪಟ್ಟಿಗೆ ತರಬೇಕಾದಾಗ ಮತ್ತು ಜಿಝಡ್‌ಡೂಮಿಗೆಂದೇ ಬರೆದ ಮಾಡ್‌ಗಳನ್ನು ಆಡುವಾಗ.

ತುಂಗಾತೀರ:

ಎಂಜಿನ್ನಿನ ಹಾದಿಯನ್ನು ಬದಲಿಸಿದ ಕೂಡಲೇ ಡೂಮ್, ಟಿಎನ್‌ಟಿ, ಪ್ಲುಟೋನಿಯಾ ಮೂರೂ ತಮ್ಮ ತಮ್ಮ ಮುಖಪುಟದೊಂದಿಗೆ ತೆರೆದುಕೊಂಡವು, ಸಿಜಿಲ್ ಐದನೆಯ ಎಪಿಸೋಡಾಗಿ ಮೆನುವಿನಲ್ಲಿ ಬಂದಿದೆ. ಪ್ಲುಟೋನಿಯಾದ ಹಳೆಯ ಸೇವ್‌ಗಳನ್ನು ಅದರ ಹೊಸ ಫೋಲ್ಡರಿಗೆ ಸಾಗಿಸಿದೆ, ತೆರೆಯುತ್ತಿವೆ.

ಹೆರೆಟಿಕ್ ಮಾತ್ರ ಆರಂಭದ ಕಪ್ಪು ಕಿಟಕಿಯಲ್ಲಿ ಸಾಲುಸಾಲು ಕೆಂಪು ಅಕ್ಷರಗಳನ್ನು ಕಾರಿ ನಿಂತುಬಿಡುತ್ತದೆ. ಆ ಸಾಲುಗಳಲ್ಲಿ ನಾನು ಡೂಮಿಗೆಂದು ಇಳಿಸಿಕೊಂಡಿದ್ದ ಆಯುಧಗಳ ಮಾಡ್‌ನ ಹೆಸರು ಕಾಣುತ್ತಿದೆ, ಆದರೆ ಹೆರೆಟಿಕ್‌ಗೆ ನಾನು ಯಾವ ಮಾಡನ್ನೂ ಸೇರಿಸಿಲ್ಲ.

ಹಳೇಗಣಕ:

ಇಂಥ ಆಯುಧಗಳ ಮಾಡ್ ಸಾಮಾನ್ಯವಾಗಿ ಡೂಮಿನ ಆಯುಧ, ರಾಕ್ಷಸ ಮತ್ತು ಚಿತ್ರಗಳನ್ನು ನೆಚ್ಚಿಕೊಂಡು ಬರೆದದ್ದು. ಹೆರೆಟಿಕ್ ಅದೇ ಎಂಜಿನ್ನಿನ ಮೇಲೆ ರೇವನ್ ಸಾಫ್ಟ್‌ವೇರ್ 1994ರಲ್ಲಿ ಕಟ್ಟಿದ ಆಟವಾದರೂ ಅದರ ವ್ಯಾಡಿನಲ್ಲಿ ಡೂಮಿನ ಸಾಮಗ್ರಿ ಇರುವುದಿಲ್ಲ. ಲಾಂಚರಿನ ಸಾಲಿನಲ್ಲಿ ಮಾಡ್‌ನ ಹೆಸರಿಲ್ಲದಿದ್ದರೆ ಎಂಜಿನ್‌ನ ಐಎನ್‌ಐ (ಸೆಟ್ಟಿಂಗ್ಸ್) ಕಡತವನ್ನು ತೆರೆದು ‘ಆಟೋಲೋಡ್’ ಎಂದು ಮುಗಿಯುವ ವಿಭಾಗಗಳನ್ನು ನೋಡಿ. ‘ಗ್ಲೋಬಲ್’ ಎಂಬ ವಿಭಾಗದಲ್ಲಿ ಬರೆದ ಕಡತ ಪ್ರತಿ ಆಟಕ್ಕೂ ಅಂಟಿಕೊಳ್ಳುತ್ತದೆ. ‘ಡೂಮ್’ ವಿಭಾಗದಲ್ಲಿ ಬರೆದದ್ದು ಡೂಮ್ ಕುಟುಂಬದ ಆಟಗಳಿಗೆ ಮಾತ್ರ. ಮಾಡ್‌ನ ಸಾಲನ್ನು ಮೊದಲನೆಯದರಿಂದ ಕತ್ತರಿಸಿ ಎರಡನೆಯದಕ್ಕೆ ಹಾಕಿ. ಆಟ ಓಡುತ್ತಿರುವಾಗ ಐಎನ್‌ಐ ಕಡತವನ್ನು ತಿದ್ದಬೇಡಿ, ಮುಚ್ಚುವಾಗ ಎಂಜಿನ್ ಅದನ್ನು ಮತ್ತೆ ಬರೆಯುತ್ತದೆ.

ತುಂಗಾತೀರ:

ಸಾಲು ಗ್ಲೋಬಲ್ ವಿಭಾಗದಲ್ಲಿಯೇ ಇತ್ತು. ಸ್ಥಳಾಂತರಿಸಿದ ಮೇಲೆ ಹೆರೆಟಿಕ್ ಸರಾಗವಾಗಿ ತೆರೆಯಿತು. ಇಬ್ಬರಿಗೂ ಕೃತಜ್ಞತೆಗಳು.

ಮೋಡಕವಿದ:

ಇದೇ ಚರ್ಚೆಯಲ್ಲಿ ನನ್ನ ಪ್ರಶ್ನೆಯನ್ನೂ ಕೇಳುತ್ತಿದ್ದೇನೆ, ಕ್ಷಮೆ ಇರಲಿ. ಉಬುಂಟು ಲಿನಕ್ಸಿನಲ್ಲಿ ಲಾಂಚರ್ ಮತ್ತು ಜಿಝಡ್‌ಡೂಮ್ ಎರಡನ್ನೂ ಫ್ಲ್ಯಾಟ್‌ಪ್ಯಾಕ್ ಎಂಬ ತಂತ್ರಾಂಶ ಕಟ್ಟುಗಳ ವ್ಯವಸ್ಥೆಯ ಮೂಲಕ ಹಾಕಿದ್ದೇನೆ. ಲಾಂಚರಿನ ಪಟ್ಟಿಯಲ್ಲಿ ಎಲ್ಲ ವ್ಯಾಡ್‌ಗಳೂ ಕಾಣುತ್ತವೆ, ಆದರೆ ಆಟ ತೆರೆದರೆ ಐವ್ಯಾಡ್ ಸಿಗಲಿಲ್ಲ ಎನ್ನುತ್ತದೆ. ಕಡತಗಳು ಎರಡನೆಯ ಡಿಸ್ಕಿನಲ್ಲಿವೆ.

ಅರ್ಧಬಿಟ್:

ಫ್ಲ್ಯಾಟ್‌ಪ್ಯಾಕಿನಲ್ಲಿ ಪ್ರತಿ ತಂತ್ರಾಂಶಕ್ಕೂ ಅದರದೇ ಬೇಲಿ ಇರುತ್ತದೆ. ಲಾಂಚರಿಗೆ ಎರಡನೆಯ ಡಿಸ್ಕ್ ಕಾಣುತ್ತಿದೆಯೆಂದ ಮಾತ್ರಕ್ಕೆ ಎಂಜಿನ್ನಿಗೂ ಕಾಣಬೇಕೆಂದಿಲ್ಲ. ಈ ಅನುಮತಿಗಳನ್ನು ಬದಲಿಸುವ ಫ್ಲ್ಯಾಟ್‌ಸೀಲ್ ಎಂಬ ತಂತ್ರಾಂಶವನ್ನು ತೆರೆದು ಜಿಝಡ್‌ಡೂಮ್‌ಗೂ ಆ ಫೋಲ್ಡರಿನ ಅನುಮತಿ ಕೊಡಿ. ಲಿನಕ್ಸಿನಲ್ಲಿ ದೊಡ್ಡಕ್ಷರ, ಸಣ್ಣಕ್ಷರಗಳು ಬೇರೆ ಬೇರೆ ಎಂಬುದನ್ನೂ ನೆನಪಿಡಿ. ಹಳೆಯ ಸಿಡಿಗಳಿಂದ ತೆಗೆದ ವ್ಯಾಡ್‌ಗಳ ಹೆಸರು ಪೂರ್ತಿ ದೊಡ್ಡಕ್ಷರಗಳಲ್ಲಿ ಇರುವುದುಂಟು, ಸಣ್ಣಕ್ಷರಕ್ಕೆ ಬದಲಿಸಿಕೊಂಡರೆ ಗೊಂದಲ ತಪ್ಪುತ್ತದೆ.

ಮೋಡಕವಿದ:

ಅನುಮತಿಯೇ ಕಾರಣವಾಗಿತ್ತು. ಮೊದಲು ವ್ಯಾಡ್ ಫೋಲ್ಡರಿಗೆ ಓದುವ ಅನುಮತಿಯನ್ನಷ್ಟೇ ಕೊಟ್ಟಾಗ ಆಟ ತೆರೆಯಿತು, ಆದರೆ ಅದೇ ಡಿಸ್ಕಿನಲ್ಲಿದ್ದ ಸೇವ್ ಫೋಲ್ಡರಿನಲ್ಲಿ ಯಾವ ಸೇವ್ ಕೂಡ ಉಳಿಯಲಿಲ್ಲ. ಸೇವ್ ಫೋಲ್ಡರಿಗೆ ಬರೆಯುವ ಅನುಮತಿಯನ್ನು ಪ್ರತ್ಯೇಕವಾಗಿ ಸೇರಿಸಿದ ಮೇಲೆ ಎರಡೂ ಸರಿಹೋದವು.